ಇದಿರುಲಿಯ ಪ್ರಕರಣ: ಒಂದು ಸೇತುವೆ, ಇಬ್ಬರು ಉಲಿಗಾರರು ಮತ್ತು ತಣ್ಣಗಾದ ಗಾಳಿ

ನಾದವೇ ಸೃಷ್ಟಿಯ ಮೂಲ ಎಂದು ಇಟ್ಟುಕೊಂಡು ಕಲ್ಪಿತ ಲೋಕವೊಂದನ್ನು ಕಟ್ಟುವವರು ಅದರ ಎದುರಾಳಿಯ ಜಾಗದಲ್ಲಿ ಸಾಮಾನ್ಯವಾಗಿ ಮೌನವನ್ನು ತಂದು ನಿಲ್ಲಿಸುತ್ತಾರೆ. ಮೌನಕ್ಕೆ ಒಂದು ಕರಿ ಪಂಥ, ಆ ಪಂಥಕ್ಕೆ ಒಂದು ಗುಹೆ, ಗುಹೆಗೊಬ್ಬ ಒಡೆಯ ಎಂದು ಕಥೆ ತಾನಾಗಿ ಬೆಳೆಯುತ್ತದೆ. ಈ ದಾರಿ ಸುಲಭವಾದದ್ದು ಮತ್ತು ಬಡವಾದದ್ದು ಎಂಬುದು ನನ್ನ ಅಭಿಪ್ರಾಯ. ಮೌನ ಯಾರ ಕೃತ್ಯವೂ ಅಲ್ಲ. ದೀಪ ಹಚ್ಚದೆ ಇದ್ದವನನ್ನು ಕತ್ತಲೆ ಮಾಡಿದವನೆಂದು ಹಿಡಿದು ಶಿಕ್ಷಿಸಲು ಬರುವುದಿಲ್ಲ. ನಿಷೇಧಕ್ಕೆ ತಕ್ಕ ಶಕ್ತಿಯೊಂದು ಬೇಕಾದರೆ ಅದು ನಾದವೇ ಆಗಿರಬೇಕು, ಅದೂ ಸೃಷ್ಟಿಸುವ ನಾದಕ್ಕಿಂತ ಕೂದಲೆಳೆಯಷ್ಟೂ ಬೇರೆಯಾಗಿರದ ನಾದ. ಅಂಥದೊಂದು ಶಕ್ತಿಯನ್ನು ಇಟ್ಟುಕೊಂಡಿರುವ ಲೋಕವೊಂದರಲ್ಲಿ ನಡೆದ ಒಂದೇ ಒಂದು ಘಟನೆಯನ್ನು ಇಲ್ಲಿ ಮೊದಲಿನಿಂದ ಕೊನೆಯವರೆಗೆ ಪರಿಶೀಲಿಸಿದ್ದೇನೆ.

ಆ ಲೋಕದ ಮೂಲ ನಿಯಮಗಳು ಕೆಲವೇ. ಇರುವ ಪ್ರತಿಯೊಂದು ವಸ್ತುವೂ ತನ್ನ ನಾದ ಮೊಳಗುತ್ತಿರುವ ತನಕ ಮಾತ್ರ ಇರುತ್ತದೆ. ಬೆಟ್ಟ, ಕಾಡು, ನೀರುಗಳ ನಾದ ತಾನಾಗಿ ಮೊಳಗುತ್ತದೆ. ಮನುಷ್ಯರು ಕಟ್ಟಿದ್ದನ್ನು ಮಾತ್ರ ಯಾರಾದರೂ ಎಡೆಬಿಡದೆ ಉಲಿಯುತ್ತಿರಬೇಕು. ಹಾಗೆ ಉಲಿಯುವವರನ್ನು ಉಲಿಗಾರರು ಎನ್ನುತ್ತಾರೆ. ನಾದ ಒಂದು ಮಟ್ಟಕ್ಕಿಂತ ಬಲವಾಗಿದ್ದರೆ ಕಲ್ಲು ನಿಲ್ಲುತ್ತದೆ, ತಗ್ಗಿದರೆ ಹೋಗುತ್ತದೆ. ಹೋಗುವುದು ತಕ್ಷಣವೇನಲ್ಲ, ನಿಧಾನವಾಗಿ ನೂರು ಎಣಿಸುವಷ್ಟು ಹೊತ್ತು ಕಲ್ಲು ಹಿಂದಿನ ನಾದದ ನೆನಪಿನಲ್ಲೇ ಉಳಿದಿರುತ್ತದೆ. ಉಲಿಗಾರರು ಉಸಿರೆಳೆದುಕೊಳ್ಳಲು ಸಾಧ್ಯವಾಗಿರುವುದೇ ಈ ಸಣ್ಣ ರಿಯಾಯಿತಿಯಿಂದ. ಇನ್ನೊಂದು ರಿಯಾಯಿತಿಯೂ ಇದೆ: ಒಂದೇ ಗುರುವಿನ ಬಳಿ ಕಲಿತ ಎರಡು ಕಂಠಗಳು ಎಷ್ಟೇ ದೂರದಲ್ಲಿದ್ದರೂ ಒಂದೇ ಕ್ಷಣದಲ್ಲಿ ಏರಿ ಒಂದೇ ಕ್ಷಣದಲ್ಲಿ ಇಳಿಯುತ್ತವೆ. ನಮ್ಮ ಲೋಕದ ಯಾವ ಇಬ್ಬರು ಗಾಯಕರಿಂದಲೂ ಇದು ಆಗದು. ಆದರೆ ಕಲ್ಪಿತ ಲೋಕಕ್ಕೆ ಒಂದೆರಡು ಅಸಾಧ್ಯಗಳನ್ನು ಮೊದಲೇ ಕೊಟ್ಟುಬಿಟ್ಟು, ಆಮೇಲೆ ಉಳಿದೆಲ್ಲದಕ್ಕೂ ಕಟ್ಟುನಿಟ್ಟಾಗಿ ಲೆಕ್ಕ ಕೇಳುವುದು ನ್ಯಾಯವಾದ ಒಪ್ಪಂದ. ಅಲ್ಲಿನ ಗಾಳಿ ನಮ್ಮ ಗಾಳಿಯಂತೆಯೇ ಇದೆ ಎಂದು ಇಟ್ಟುಕೊಂಡು ಅಳತೆಗಳನ್ನು ನಮ್ಮ ಮಾನದಲ್ಲೇ ಕೊಡುತ್ತೇನೆ.

ನಿಷೇಧಿತ ಶಕ್ತಿಯ ಹೆಸರು ಇದಿರುಲಿ. ವಸ್ತುವಿನ ನಾದ ಏರುವ ಕ್ಷಣದಲ್ಲಿ ಇಳಿಯುವ, ಇಳಿಯುವ ಕ್ಷಣದಲ್ಲಿ ಏರುವ ಅದೇ ನಾದ ಅದು. ಎರಡೂ ಒಂದೆಡೆ ಸೇರಿದರೆ ಅಲ್ಲಿ ಏನೂ ಉಳಿಯುವುದಿಲ್ಲ. ಒಂದು ಗೋಪುರವನ್ನು ಇದಿರುಲಿಯಿಂದ ಇಲ್ಲವಾಗಿಸಬೇಕಾದರೆ ಆ ಗೋಪುರದ ನಾದವನ್ನು ಅದನ್ನು ಕಟ್ಟಿದವನಷ್ಟೇ ಪಕ್ಕಾ ಅರಿತಿರಬೇಕು. ಅರೆಬರೆ ಬಲ್ಲವನ ಕೈಯಲ್ಲಿ ಅದು ಬರಿಯ ಅಪಸ್ವರವಾಗುತ್ತದೆ, ಗೋಪುರಕ್ಕೆ ಏನೂ ಆಗುವುದಿಲ್ಲ. ಆದ್ದರಿಂದ ಆ ಲೋಕದಲ್ಲಿ ಈ ಅಪರಾಧವನ್ನು ಎಸಗಬಲ್ಲವರು ಅತ್ಯುತ್ತಮ ಉಲಿಗಾರರು ಮಾತ್ರ. ಇಷ್ಟೇ ಆಗಿದ್ದರೆ ಇದೊಂದು ಒಳ್ಳೆಯ ವಿರೋಧಾಭಾಸವಾಗಿ ಉಳಿಯುತ್ತಿತ್ತು. ಸೇತುವೆಯ ಪ್ರಕರಣ ಅದನ್ನು ಇನ್ನೂ ಒಂದು ಹೆಜ್ಜೆ ಮುಂದಕ್ಕೆ ಒಯ್ದಿತು.

ಸೇತುವೆಯ ಕಟ್ಟೋಣ

ಅಗಲವಾದ ನದಿಯೊಂದರ ನಡುವೆ, ಹರಿವಿನ ಗುಂಟ, ನೀರಿನ ಕೆಳಗೆ ಒಂದು ಬಂಡೆಸಾಲು ಹಾಯ್ದಿದೆ. ಕಂಬದ ನಾದ ನೆಲೆಗೊಳ್ಳುವುದು ಆ ಬಂಡೆಯ ಮೇಲೆ ಮಾತ್ರ. ಬೇರೆಡೆ ಎಷ್ಟು ಮೊಳಗಿದರೂ ಅದು ಬರಿಯ ಸದ್ದು. ಸೇತುವೆಯ ಹಾಸು ಬಂಡೆಸಾಲನ್ನು ದಾಟುವ ಜಾಗದಲ್ಲಿ ನಡುಗಂಬವಿರಬೇಕೆಂದು ಗೊತ್ತಾಯಿತು. ಬಂಡೆ ಅಲ್ಲಿಂದ ಮೇಲ್‌ಹರಿವಿನ ಕಡೆಗೆ 18 ಮೀಟರ್, ಕೆಳಹರಿವಿನ ಕಡೆಗೆ 18 ಮೀಟರ್ ಚಾಚಿಕೊಂಡಿದೆ.

ನಡುಗಂಬದ ಭಾರ ಹೊರಲು ಒಂದು ಕಂಠ ಸಾಲದು ಎಂಬುದನ್ನು ಕಟ್ಟುವವರು ಮೊದಲೇ ಬಲ್ಲವರಾಗಿದ್ದರು. ಕಲ್ಲು ನಿಲ್ಲಬೇಕಾದರೆ ನಾದದ ಎತ್ತರ, ಅಂದರೆ ಅದರ ಅಲೆ ಏರುವ ಎತ್ತರ, ಒಂದು ಕಂಠ ಕೊಡುವುದರ ಸುಮಾರು 1.4 ಪಟ್ಟಾದರೂ ಇರಬೇಕಿತ್ತು. ಹೀಗಾಗಿ ಇಬ್ಬರು ಉಲಿಗಾರರನ್ನು ಒಂದೇ ದಡದಲ್ಲಿ, ಸೇತುವೆಯ ನೇರಕ್ಕೆ ಒಬ್ಬರ ಹಿಂದೆ ಒಬ್ಬರನ್ನು ನಿಲ್ಲಿಸಿದರು. ಹತ್ತಿರದ ಉಲಿಗಾರ ಕಂಬದಿಂದ 40 ಮೀಟರ್ ದೂರದಲ್ಲಿ, ದೂರದ ಉಲಿಗಾರ ಅವನಿಗಿಂತ 68.6 ಮೀಟರ್ ಹಿಂದೆ. ಕಂಬದ ನಾದ ಸೆಕೆಂಡಿಗೆ 100 ಕಂಪನಗಳ ತಗ್ಗಿನ ಸ್ವರ. 20 ಡಿಗ್ರಿ ಸೆಲ್ಸಿಯಸ್ ತಾಪದಲ್ಲಿ ಗಾಳಿಯಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು 343 ಮೀಟರ್. ಅಂದರೆ ಈ ಸ್ವರದ ಒಂದು ಅಲೆಯ ಉದ್ದ 3.43 ಮೀಟರ್. 68.6 ಮೀಟರಿನಲ್ಲಿ ಅಂಥ ಅಲೆಗಳು ಸರಿಯಾಗಿ 20 ಹಿಡಿಸುತ್ತವೆ. ದೂರದವನ ಉಲಿ 20 ಪೂರ್ಣ ಅಲೆಗಳಷ್ಟು ಹಿಂದೆ ಬಿದ್ದು ಬಂದರೂ ಹತ್ತಿರದವನ ಉಲಿಯೊಂದಿಗೆ ಏರಿಗೆ ಏರು, ಇಳಿಗೆ ಇಳಿ ಕೂಡಿಕೊಂಡು ಕಂಬದಲ್ಲಿ ಇಮ್ಮಡಿಯಾಗುತ್ತದೆ.

ದೂರ ಹೋದಂತೆ ನಾದದ ಎತ್ತರ ತಗ್ಗುವುದರಿಂದ ಎರಡೂ ಉಲಿಗಳು ಕಂಬವನ್ನು ಸಮಬಲದಲ್ಲಿ ಮುಟ್ಟಬೇಕೆಂದು ದೂರದವನಿಗೆ ದೊಡ್ಡ ಕಹಳೆಯೊಂದನ್ನು ಕೊಟ್ಟರು. ಅವನ ದೂರ 108.6 ಮೀಟರ್, ಇವನದು 40; ಆದ್ದರಿಂದ ಅವನ ಉಲಿ ಹೊರಡುವಾಗಲೇ ಇವನದಕ್ಕಿಂತ ಸುಮಾರು 2.7 ಪಟ್ಟು ಎತ್ತರವಾಗಿರಬೇಕಿತ್ತು. ಕಹಳೆಯ ಬಾಯನ್ನು ತೇಯ್ದು ತೇಯ್ದು ಈ ಪ್ರಮಾಣವನ್ನು ಅವರು ಬಹಳ ನಿಖರವಾಗಿ ಹೊಂದಿಸಿದ್ದರು. ಓದುಗರು ಈ ವಿವರವನ್ನು ಗಮನದಲ್ಲಿ ಇಟ್ಟುಕೊಳ್ಳಬೇಕು. ಎರಡು ನಾದಗಳು ಒಂದನ್ನೊಂದು ಪೂರ್ತಿ ಅಳಿಸಬೇಕಾದರೆ ಅವು ಪೂರ್ತಿ ಸಮವಾಗಿರಬೇಕು. ಕಟ್ಟಿದವರು ಕೊಂಚ ಒರಟು ಕೆಲಸದವರಾಗಿದ್ದರೆ ಮುಂದಿನ ಅನಾಹುತ ಅರ್ಧದಷ್ಟೇ ಆಗುತ್ತಿತ್ತು.

ಬೇಸಿಗೆಯಲ್ಲಿ ಕಟ್ಟಿದ ಕಂಬ ಹರಿವಿನ ಗುಂಟ ನೀಳವಾಗಿ, ಹಾಸಿನ ಎರಡೂ ಬದಿಗೆ ಸುಮಾರು 10 ಮೀಟರ್ ವರೆಗೆ ಚಾಚಿಕೊಂಡು ನಿಂತಿತು. ಅದರಾಚೆಗೆ, ಬಂಡೆ ಇದ್ದರೂ, ಕಲ್ಲು ಮೂಡಲಿಲ್ಲ. ಆ ಎರಡು ತೆರಪುಗಳು ದೋಣಿಗಳು ನದಿಯನ್ನು ಅಡ್ಡ ಹಾಯಲು ಅನುಕೂಲವಾದವು. ಕಲ್ಲು ಯಾಕೆ ಮೂಡಲಿಲ್ಲ ಎಂದು ಯಾರೂ ಕೇಳಲಿಲ್ಲ.

ಆ ರಾತ್ರಿ

ಚಳಿಗಾಲದ ಮೊದಲ ತಂಪು ಬಿದ್ದ ರಾತ್ರಿ ಅದು. ಸೂರ್ಯ ಮುಳುಗುವಾಗ 20 ಡಿಗ್ರಿಯಷ್ಟಿದ್ದ ಗಾಳಿ ಬೆಳಗಿನ ಜಾವಕ್ಕೆ 5 ಡಿಗ್ರಿಗೆ ಇಳಿಯಿತು. ಸೇತುವೆಯ ಕಾವಲುಗಾರ ವಿಚಾರಣೆಯಲ್ಲಿ ಹೇಳಿದ್ದರಲ್ಲಿ ಮೂರು ಸಂಗತಿಗಳು ಮುಖ್ಯ.

ಮೊದಲನೆಯದು, ಕಂಬ ಕುಸಿಯಲಿಲ್ಲ. ರಾತ್ರಿಯ ಮೊದಲ ಪಾಳಿ ಮುಗಿಯುವ ಹೊತ್ತಿಗೆ ಹಾಸಿನ ನೇರ ಕೆಳಗೆ ಕಂಬದ ನಡುವಿನ ಕಲ್ಲು ತೆಳುವಾಗತೊಡಗಿತು. ಕಂದೀಲು ಹಿಡಿದು ಬಗ್ಗಿ ನೋಡಿದಾಗ ಕಲ್ಲಿನ ಮೂಲಕ ಆಚೆಯ ನೀರಿನ ಹೊಳಪು ಕಾಣುತ್ತಿತ್ತು. ಆಮೇಲೆ ಕಂಬ ನಡುವಿನಲ್ಲಿ ಸೀಳಿ, ಒಂದು ಹೋಳು ಮೇಲ್‌ಹರಿವಿನ ಕಡೆಗೂ ಇನ್ನೊಂದು ಕೆಳಹರಿವಿನ ಕಡೆಗೂ ಬಂಡೆಯ ಮೇಲೆ ಮೆಲ್ಲಗೆ ಸರಿದವು. ಹಾಸು ಬಾಗಿತು, ಕಾವಲುಗಾರ ಗಂಟೆ ಬಾರಿಸಿ ಓಡಾಟ ನಿಲ್ಲಿಸಿದ್ದರಿಂದ ಯಾರಿಗೂ ಪ್ರಾಣಾಪಾಯವಾಗಲಿಲ್ಲ. ಎರಡನೆಯದು, ಎಂದಿನ ತೆರಪಿನಲ್ಲಿ ಬರುತ್ತಿದ್ದ ದೋಣಿಯೊಂದು ಹಗಲು ಬರಿಯ ನೀರಿದ್ದ ಜಾಗದಲ್ಲಿ ಕಲ್ಲಿಗೆ ಬಡಿದು ಬಿರುಕು ಬಿಟ್ಟಿತು. ಮೂರನೆಯದೇ ಇಡೀ ಪ್ರಕರಣದ ತಿರುಳು. ಹಾಸಿನ ಮೇಲೆ, ಕಂಬವಿದ್ದ ಜಾಗದ ನೇರಕ್ಕೆ ನಿಂತಿದ್ದ ಕಾವಲುಗಾರನಿಗೆ ಉಲಿ ಕೇಳಿಸುತ್ತಲೇ ಇರಲಿಲ್ಲ. ದಡದಲ್ಲಿ ಇಬ್ಬರೂ ಉಲಿಯುತ್ತಿರುವುದು ಪಂಜಿನ ಬೆಳಕಿನಲ್ಲಿ ಅವನಿಗೆ ಕಾಣುತ್ತಿತ್ತು. ದೂರದ ಉಲಿಗಾರ ಉಸಿರಿಗೆಂದು ಕಹಳೆಯಿಂದ ಬಾಯಿ ತೆಗೆದಾಗಲೆಲ್ಲ ನಾದ ಸ್ಪಷ್ಟವಾಗಿ ಕೇಳಿಬರುತ್ತಿತ್ತು. ಅವನು ಮತ್ತೆ ಊದತೊಡಗಿದ ಕೂಡಲೇ ಅಡಗುತ್ತಿತ್ತು.

ವಿಚಾರಣೆ

ಕಟ್ಟಳೆಗಳನ್ನು ಕಾಯುವ ಶ್ರುತಿಸಭೆ ಮರುದಿನವೇ ಕೂಡಿತು. ಅದರ ಮುಂದೆ ಇದ್ದ ಕಟ್ಟಳೆ ವಿಚಿತ್ರವಾದದ್ದು. ಆ ಲೋಕದಲ್ಲಿ ಕಟ್ಟಳೆಯೂ ಒಂದು ವಸ್ತುವೇ. ಅದನ್ನು ಹಾಡಿದರೆ ಮಾತ್ರ ಅದು ಇರುತ್ತದೆ, ಕಟ್ಟುತ್ತದೆ. ಯಾವುದನ್ನು ನಿಷೇಧಿಸಬೇಕೋ ಅದನ್ನು ಹೆಸರಿಸಬೇಕು, ಹೆಸರಿಸುವುದೆಂದರೆ ಅದರ ನಾದವನ್ನು ಮೊಳಗಿಸುವುದು, ಮೊಳಗಿಸಿದರೆ ಅದು ಉಂಟಾಗುತ್ತದೆ. ಇದಿರುಲಿಯನ್ನು ಕಟ್ಟಳೆಯೊಳಗೆ ಹಾಡಿದರೆ ಹಾಡುತ್ತಿರುವ ಕಟ್ಟಳೆಯೇ ಅಳಿಸಿಹೋಗುತ್ತದೆ. ಆದ್ದರಿಂದ ಹಿಂದಿನವರು ಒಂದು ಉಪಾಯ ಹೂಡಿದ್ದರು: ಕಟ್ಟಳೆಗಳ ಸಾಲನ್ನು ಹಾಡುವಾಗ ಒಂದು ಕಡೆ ಒಂದು ಸಾಲಿನಷ್ಟು ಹೊತ್ತು ತೆರಪು ಬಿಡುವುದು. ಆ ತೆರಪೇ ನಿಷೇಧ. ಅದರ ಅರ್ಥವೇನೆಂಬುದು ಗುರುವಿನಿಂದ ಶಿಷ್ಯನಿಗೆ ಕೈಸನ್ನೆಯಲ್ಲಿ ಸಾಗಿ ಬಂದಿತ್ತು.

ತೆರಪಿನ ರೂಪದ ಕಟ್ಟಳೆಗೆ ದೊಡ್ಡದೊಂದು ಕೊರತೆಯಿದೆ. ಇಂಥದು ಕೂಡದು ಎಂದಷ್ಟೇ ಅದು ಹೇಳಬಲ್ಲದು. ಇಂಥ ಸಂದರ್ಭದಲ್ಲಿ, ಇಂಥ ಉದ್ದೇಶದಿಂದ, ಇಂಥವನು ಮಾಡಿದರೆ ಎಂದು ವಿವರಿಸಲಾರದು. ಸಭೆಯ ಮುಂದೆ ಉಳಿದದ್ದು ಒಂದೇ ಪ್ರಶ್ನೆ: ಇದಿರುಲಿ ಉಂಟಾಯಿತೋ ಇಲ್ಲವೋ? ಉಂಟಾಗಿತ್ತು. ಉಲಿದವನು ಯಾರು? ಕಾವಲುಗಾರನ ಸಾಕ್ಷಿ ಸ್ಪಷ್ಟವಾಗಿತ್ತು: ದೂರದವನು ನಿಲ್ಲಿಸಿದಾಗ ನಾದ ಬರುತ್ತದೆ, ತೊಡಗಿದಾಗ ಹೋಗುತ್ತದೆ. ದೂರದವನು ತಾನು ನಿಂತ ಗುರುತಿನ ಕಲ್ಲಿನಿಂದ ಕಾಲು ಕದಲಿಸಿಲ್ಲವೆಂದೂ, ಕಲಿತ ಸ್ವರವನ್ನು ಬಿಟ್ಟು ಬೇರೊಂದನ್ನು ಉಲಿದಿಲ್ಲವೆಂದೂ ಹೇಳಿದ. ಸಭೆಯ ಹಿರಿಯರು ಅವನನ್ನು ಎದುರಿಗೆ ನಿಲ್ಲಿಸಿಕೊಂಡು ಉಲಿಸಿ ನೋಡಿದರು, ಸ್ವರ ಶುದ್ಧವಾಗಿತ್ತು. ಈ ಶುದ್ಧತೆಯೇ ಅವನಿಗೆ ಮುಳುವಾಯಿತು, ಏಕೆಂದರೆ ಇದಿರುಲಿ ಅಷ್ಟು ಶುದ್ಧ ಕಂಠದಿಂದ ಮಾತ್ರ ಸಾಧ್ಯವೆಂಬುದು ಎಲ್ಲರಿಗೂ ಗೊತ್ತಿತ್ತು. ಅವನು ಇನ್ನು ಮುಂದೆ ಯಾವ ಸೇತುವೆಯಲ್ಲೂ ಉಲಿಯಕೂಡದೆಂದು ತೀರ್ಪನ್ನು ಹಾಡಲಾಯಿತು.

ಸಾಕ್ಷಿಯನ್ನು ತೂಗಿದ ರೀತಿಯಲ್ಲೇ ಇಲ್ಲಿ ದೋಷವಿದೆ. ಹತ್ತಿರದ ಉಲಿಗಾರ ಬರಿಗಂಠದಿಂದ ಉಲಿಯುತ್ತಿದ್ದವನು. ಚಿಕ್ಕ ಚಿಕ್ಕ ಉಸಿರುಗಳನ್ನು ಕಳ್ಳಹೆಜ್ಜೆಯಲ್ಲಿ ತೆಗೆದುಕೊಳ್ಳುವ ಅಭ್ಯಾಸ ಅವನಿಗಿತ್ತು, ಅವನ ಉಲಿ ಕಡಿದದ್ದು ಯಾರಿಗೂ ತಿಳಿಯುವಂತಿರಲಿಲ್ಲ. ದೊಡ್ಡ ಕಹಳೆಗೆ ಅಂಥ ಉಸಿರು ಸಾಲದು. ಬಾಯಿ ತೆಗೆದು, ಎದೆ ತುಂಬಿಕೊಂಡು, ಮತ್ತೆ ಇಡಬೇಕು. ಹತ್ತಿರದವನೂ ಅಷ್ಟೇ ಹೊತ್ತು ನಿಲ್ಲಿಸಿದ್ದರೆ ಆಗಲೂ ನಾದ ಕೇಳಿಬರುತ್ತಿತ್ತು, ಅವನು ತೊಡಗಿದ ಕೂಡಲೇ ಅಡಗುತ್ತಿತ್ತು. ಅದೇ ಸಾಕ್ಷಿ ಅವನ ಮೇಲೂ ನಿಲ್ಲುತ್ತಿತ್ತು. ಎರಡು ಸಮಾನ ನಾದಗಳು ಒಂದನ್ನೊಂದು ಅಳಿಸುವಾಗ ಅಳಿಸಿದ್ದು ಯಾವುದು, ಅಳಿದದ್ದು ಯಾವುದು ಎಂಬ ಪ್ರಶ್ನೆಗೆ ಉತ್ತರವೇ ಇಲ್ಲ. ಯಾರಿಗೆ ಉಸಿರಾಡುವುದನ್ನು ಮುಚ್ಚಿಡಲು ಆಗಲಿಲ್ಲವೋ ಅವನು ಅಪರಾಧಿಯಾದ.

ಗಾಳಿಯ ಲೆಕ್ಕ

ದೂರದವನು ಹೇಳಿದ್ದು ನಿಜವೆಂದು ತೋರಿಸಲು ಒಂದು ಭಾಗಾಕಾರ ಸಾಕು. ಗಾಳಿ ತಣ್ಣಗಾದಂತೆ ಶಬ್ದ ನಿಧಾನವಾಗುತ್ತದೆ. ಒಂದು ಡಿಗ್ರಿಗೆ ಸೆಕೆಂಡಿಗೆ ಸುಮಾರು 0.6 ಮೀಟರ್ ಲೆಕ್ಕದಲ್ಲಿ. 20 ಡಿಗ್ರಿಯಲ್ಲಿ 343 ಇದ್ದದ್ದು 5 ಡಿಗ್ರಿಯಲ್ಲಿ ಸುಮಾರು 334 ಆಗುತ್ತದೆ. ಇಬ್ಬರ ನಡುವಿನ 68.6 ಮೀಟರನ್ನು ಹಾಯಲು ಬೆಚ್ಚನೆಯ ಗಾಳಿಯಲ್ಲಿ ದೂರದವನ ಉಲಿಗೆ 200 ಮಿಲಿಸೆಕೆಂಡು ಹಿಡಿಯುತ್ತಿತ್ತು. ತಣ್ಣನೆಯ ಗಾಳಿಯಲ್ಲಿ 205. ಹೆಚ್ಚಾದದ್ದು 5 ಮಿಲಿಸೆಕೆಂಡು. ಸೆಕೆಂಡಿಗೆ 100 ಕಂಪನಗಳ ಸ್ವರದಲ್ಲಿ ಒಂದು ಕಂಪನದ ಅವಧಿ 10 ಮಿಲಿಸೆಕೆಂಡು, ಏರಿನಿಂದ ಇಳಿತಕ್ಕೆ ಬರಲು ಸರಿಯಾಗಿ 5. ಕಂಬದಿಂದ ಹತ್ತಿರದವನ ತನಕದ 40 ಮೀಟರ್ ಇಬ್ಬರ ಉಲಿಗೂ ಸಮಾನವಾದ್ದರಿಂದ ಅಲ್ಲಿನ ತಡ ಲೆಕ್ಕಕ್ಕೆ ಬರುವುದಿಲ್ಲ. ದೂರದವನು ಕದಲಲಿಲ್ಲ, ಸ್ವರ ಬದಲಿಸಲಿಲ್ಲ, ಉದ್ದೇಶವೂ ಅವನಿಗಿರಲಿಲ್ಲ. ನಡುವಿನ ಗಾಳಿ ಅವನ ಉಲಿಯನ್ನು ಇದಿರುಲಿಯಾಗಿ ಮಾಡಿಬಿಟ್ಟಿತು.

ಇದರ ಹಿಂದಿರುವ ತತ್ತ್ವ ನಮ್ಮ ಲೋಕದ್ದೇ. ಎರಡು ಅಲೆಗಳು ಕೂಡಿ ಕೆಲವೆಡೆ ಬಲಗೊಳ್ಳುವುದನ್ನೂ ಕೆಲವೆಡೆ ಅಳಿದುಹೋಗುವುದನ್ನೂ ಥಾಮಸ್ ಯಂಗ್ 19ನೆಯ ಶತಮಾನದ ಆರಂಭದಲ್ಲಿ ವ್ಯತಿಕರಣವೆಂದು ವಿವರಿಸಿದರು. ನಾಳದಲ್ಲಿ ಸಾಗುವ ಸದ್ದಿನ ಮೇಲೆ ಧ್ವನಿವರ್ಧಕದಿಂದ ತಿರುಗುಮುರುಗಾದ ಅದೇ ಸದ್ದನ್ನು ಬಿಟ್ಟು ಅಡಗಿಸುವ ಉಪಾಯಕ್ಕೆ ಜರ್ಮನಿಯ ಪೌಲ್ ಲ್ಯೂಗ್ 1936ರಲ್ಲಿ ಅಮೆರಿಕದ ಪೇಟೆಂಟ್ ಪಡೆದರು. ಹೊರಗಿನ ಗದ್ದಲ ತಡೆಯುವ ಇಂದಿನ ಹೆಡ್‌ಫೋನುಗಳ ಹಿಂದೆ ಇರುವುದೂ ಅದೇ ವಿಚಾರ. ನಾವು ಕಿವಿಗೆ ಹಾಕಿಕೊಂಡು ನೆಮ್ಮದಿಯಾಗಿ ತಿರುಗುವುದು ಆ ಲೋಕದಲ್ಲಿ ಮರಣದಂಡನೆಗೆ ಸಮೀಪದ ಅಪರಾಧ ಎಂಬುದು ಬೇರೆ ಮಾತು.

ಈ ತತ್ತ್ವದ ಇನ್ನೊಂದು ಮುಖವನ್ನು ಸಭೆ ನೋಡಲೇ ಇಲ್ಲ. ವ್ಯತಿಕರಣದಲ್ಲಿ ಶಕ್ತಿ ನಾಶವಾಗುವುದಿಲ್ಲ, ಜಾಗ ಬದಲಿಸುತ್ತದೆ. ಎರಡು ಸಮಾನ ಅಲೆಗಳು ಒಂದೆಡೆ ಸೊನ್ನೆಯಾದರೆ ಬೇರೊಂದೆಡೆ ಎತ್ತರ ಇಮ್ಮಡಿಯಾಗಿ, ಶಕ್ತಿ ನಾಲ್ಮಡಿಯಾಗಿರುತ್ತದೆ. ಬಂಡೆಸಾಲಿನ ಮೇಲೆ ಹಾಸಿನಿಂದ ಪಕ್ಕಕ್ಕೆ ಸರಿದಂತೆ ಇಬ್ಬರು ಉಲಿಗಾರರ ದೂರಗಳ ವ್ಯತ್ಯಾಸ ಕಿರಿದಾಗುತ್ತ ಹೋಗುತ್ತದೆ. ಸುಮಾರು 15 ಮೀಟರ್ ಪಕ್ಕದಲ್ಲಿ ಅದು 68.6ರ ಬದಲು 66.9 ಮೀಟರ್. ಬೇಸಿಗೆಯ 3.43 ಮೀಟರ್ ಅಲೆಗಳಲ್ಲಿ ಅಳೆದರೆ ಇದು ಹತ್ತೊಂಬತ್ತೂವರೆ ಅಲೆ, ಅಂದರೆ ಏರಿಗೆ ಇಳಿ. ಅಲ್ಲಿ ನಾದವಿಲ್ಲ, ಕಲ್ಲಿಲ್ಲ. 5 ಡಿಗ್ರಿಯ 3.34 ಮೀಟರ್ ಅಲೆಗಳಲ್ಲಿ ಅಳೆದರೆ ಇದೇ ದೂರ ಪೂರ್ತಿ 20 ಅಲೆ. ಅಲ್ಲಿ ಇಮ್ಮಡಿ ನಾದ, ಗಟ್ಟಿ ಕಲ್ಲು. ಗಾಳಿ 12 ಡಿಗ್ರಿಗೆ ಇಳಿಯುವಾಗ ಹಾಸಿನ ಕೆಳಗಿನ ನಾದ ಕಲ್ಲು ನಿಲ್ಲಿಸುವ ಮಟ್ಟದ ಕೆಳಗೆ ಬಂತು, ಇಮ್ಮಡಿಯ ಜಾಗ ಎರಡೂ ಕಡೆಗೆ ಕವಲೊಡೆದು ಹೊರಕ್ಕೆ ಸಾಗಿತು. ಕಂಬ ಸೀಳಿ ಸರಿಯಿತೆಂದು ಕಾವಲುಗಾರ ಕಣ್ಣಾರೆ ಕಂಡದ್ದು ಇದನ್ನೇ.

ಇಲ್ಲಿಂದ ಹೊರಡುವ ತೀರ್ಮಾನ ಸಭೆಯ ಹಿರಿಯರಿಗೆ ಹಿತವಾಗುವಂಥದಲ್ಲ. ಬೇಸಿಗೆಯ ಪ್ರತಿ ಹಗಲೂ, ಸೇತುವೆ ಚೆನ್ನಾಗಿ ನಿಂತಿದ್ದಾಗಲೇ, ದೋಣಿಗಳು ಹಾಯುತ್ತಿದ್ದ ಆ ಎರಡು ತೆರಪುಗಳಲ್ಲಿ ಇದಿರುಲಿ ತನ್ನ ಪೂರ್ಣ ಬಲದಲ್ಲಿ ಇತ್ತು. ಕಂಬ ಇಮ್ಮಡಿ ಬಲದಿಂದ ನಿಲ್ಲಲು ಸಾಧ್ಯವಾದದ್ದೇ ಪಕ್ಕದಲ್ಲಿ ನಾದ ಅಳಿಯುತ್ತಿದ್ದುದರಿಂದ. ಇಬ್ಬರು ಸೇರಿ ಏನನ್ನಾದರೂ ನಿಲ್ಲಿಸಿದ ಮೇಲೆ ಎಲ್ಲೋ ಒಂದೆಡೆ ಏನೋ ಒಂದು ಇಲ್ಲವಾಗಿರಲೇಬೇಕು. ನಿಷೇಧಿತ ಶಕ್ತಿ ಸೃಷ್ಟಿಯ ಶತ್ರುವಾಗಿ ಹೊರಗಿನಿಂದ ಬಂದದ್ದಲ್ಲ, ಸೃಷ್ಟಿಯ ಖರ್ಚಿನ ಬಾಬ್ತು ಅದು. ಕಟ್ಟಳೆ ತಡೆಯುತ್ತಿದ್ದದ್ದು ಇದಿರುಲಿಯನ್ನಲ್ಲ. ಬೇಕಾದ ವಸ್ತುವಿನ ಮೇಲೆ ಅದು ಬೀಳುವುದನ್ನು ಮಾತ್ರ. ಬೇಡದ ಜಾಗದಲ್ಲಿ ಬಿದ್ದಾಗ ಅದಕ್ಕೆ ದೋಣಿಯ ದಾರಿ ಎಂದು ಹೆಸರಿಟ್ಟು ಸುಮ್ಮನಿದ್ದರು.

ಅಳಿಯಿತೋ, ಮರೆಯಾಯಿತೋ

ಭಾರತೀಯ ದರ್ಶನಗಳಲ್ಲಿ ಶಬ್ದದ ಸ್ವರೂಪದ ಬಗ್ಗೆ ನಡೆದ ಹಳೆಯ ಜಗಳ ಈ ಪ್ರಕರಣಕ್ಕೆ ನೇರವಾಗಿ ಒದಗುತ್ತದೆ. ಪೂರ್ವಮೀಮಾಂಸಕರ ಪ್ರಕಾರ ಶಬ್ದ ನಿತ್ಯ. ನಾವು ಉಚ್ಚರಿಸುವುದು ಅದನ್ನು ಹುಟ್ಟಿಸುವುದಲ್ಲ, ಪ್ರಕಟಿಸುವುದು. ಗಾಳಿಯ ಕಂಪನವಾದ ಧ್ವನಿ ಬಂದು ಹೋಗುತ್ತದೆ, ಶಬ್ದ ಇದ್ದೇ ಇರುತ್ತದೆ. ನೈಯಾಯಿಕರೂ ವೈಶೇಷಿಕರೂ ಇದನ್ನು ಒಪ್ಪುವುದಿಲ್ಲ. ಅವರಿಗೆ ಶಬ್ದ ಆಕಾಶದ ಗುಣ, ಹುಟ್ಟಿ ಅಳಿಯುವಂಥದು. ನೀರಿನ ಅಲೆಯಿಂದ ಅಲೆ ಹುಟ್ಟುವ ವೀಚೀತರಂಗ ನ್ಯಾಯದಂತೆ ಒಂದು ಶಬ್ದ ಇನ್ನೊಂದನ್ನು ಹುಟ್ಟಿಸುತ್ತ ಕಿವಿಯ ತನಕ ಬರುತ್ತದೆ, ಹುಟ್ಟಿದ್ದು ಹುಟ್ಟಿಸಿದ್ದನ್ನು ಅಳಿಸುತ್ತದೆ. ಹಾಗಾದರೆ ಸರಣಿಯ ಕೊನೆಯ ಶಬ್ದವನ್ನು ಅಳಿಸುವವರು ಯಾರು? ಅದೂ ಅದರ ಹಿಂದಿನದೂ ಒಂದನ್ನೊಂದು ಅಳಿಸಿಕೊಳ್ಳುತ್ತವೆ ಎಂದು ಹೇಳಿ ಅದಕ್ಕೆ ಸುಂದೋಪಸುಂದ ನ್ಯಾಯವನ್ನು ಕೊಡುತ್ತಾರೆ. ಮಹಾಭಾರತದ ಆದಿಪರ್ವದಲ್ಲಿ ಬರುವ ಸುಂದ, ಉಪಸುಂದರೆಂಬ ಅಣ್ಣತಮ್ಮಂದಿರಿಗೆ ತಮ್ಮಿಬ್ಬರಲ್ಲಿ ಒಬ್ಬರಿಂದ ಹೊರತು ಬೇರೆ ಯಾರಿಂದಲೂ ಸಾವಿಲ್ಲವೆಂಬ ವರವಿತ್ತು. ತಿಲೋತ್ತಮೆಗಾಗಿ ಕಾದಾಡಿ ಇಬ್ಬರೂ ಸತ್ತರು. ಒಂದೇ ಗುರುವಿನ ಎರಡು ಕಂಠಗಳ ಸ್ಥಿತಿಗೆ ಇದಕ್ಕಿಂತ ಹತ್ತಿರದ ನ್ಯಾಯ ಸಿಗಲಾರದು. ಹೊರಗಿನ ಯಾವ ಗದ್ದಲವೂ ಆ ಕಂಬವನ್ನು ಅಲ್ಲಾಡಿಸಲಾರದಾಗಿತ್ತು. ಅದನ್ನು ನಿಲ್ಲಿಸಿದವರಿಂದಲೇ ಅದು ಹೋಗಬೇಕಿತ್ತು.

ಆದರೂ ಈ ಪ್ರಕರಣದಲ್ಲಿ ನನ್ನ ಒಲವು ಮೀಮಾಂಸಕರ ಕಡೆಗೆ. ಸುಂದೋಪಸುಂದರ ಕಥೆಯಲ್ಲಿ ಇಬ್ಬರೂ ನಿಜವಾಗಿ ಸಾಯುತ್ತಾರೆ. ಇಲ್ಲಿ ಎರಡು ಉಲಿಗಳೂ ಸಾಯಲಿಲ್ಲ. ದೂರದವನು ಉಸಿರಿಗೆ ನಿಂತ ಕ್ಷಣದಲ್ಲೇ ಹತ್ತಿರದವನ ಉಲಿ ಕುಂದಿಲ್ಲದೆ ಕೇಳಿಬಂತು. ಅಳಿದುಹೋದದ್ದು ಹಾಗೆ ಮರಳಿ ಬರುವುದಿಲ್ಲ. ಕಂಬದ ಜಾಗದಲ್ಲಿ ಎರಡು ನಾದಗಳೂ ಪೂರ್ಣವಾಗಿ ಇದ್ದವು, ಪ್ರಕಟವಾಗಲು ಎಡೆ ಮಾತ್ರ ಇರಲಿಲ್ಲ. ಈ ವಿವರಣೆ ಒಪ್ಪಿದರೆ ಆ ಲೋಕದ ಅಪರಾಧಶಾಸ್ತ್ರವೇ ಬದಲಾಗುತ್ತದೆ: ಇದಿರುಲಿಯಿಂದ ಹಿಂದೆ ಅಳಿದವೆಂದು ಶೋಕಿಸಲಾದ ಗೋಪುರಗಳು, ಗೋಡೆಗಳು ಎಲ್ಲವೂ ಒಂದು ಕಂಠ ನಿಂತರೆ ಕೇಳಿಬರಬಲ್ಲ ಸ್ಥಿತಿಯಲ್ಲಿ ಇದ್ದಿರಬಹುದು. ಸಭೆಗೆ ಈ ಪ್ರಶ್ನೆಯನ್ನು ಎತ್ತುವ ಧೈರ್ಯ ಬಂದಂತಿಲ್ಲ.

ಪರಿಹಾರ

ಸೇತುವೆಯನ್ನು ಮತ್ತೆ ನಿಲ್ಲಿಸುವ ಉಪಾಯ ಸರಳವಾಗಿಯೇ ಇತ್ತು. ರಾತ್ರಿ 5 ಡಿಗ್ರಿಗೆ ಇಳಿದಾಗ ದೂರದ ಉಲಿಗಾರ ಸುಮಾರು 1.7 ಮೀಟರ್, ಅಂದರೆ ಎರಡು ಹೆಜ್ಜೆಗಿಂತ ತುಸು ಹೆಚ್ಚು, ಮುಂದಕ್ಕೆ ಬಂದು ನಿಂತರೆ 5 ಮಿಲಿಸೆಕೆಂಡಿನ ತಡ ಹೋಗಿ ಉಲಿಗಳು ಮತ್ತೆ ಕೂಡಿಕೊಳ್ಳುತ್ತವೆ. ಆದರೆ ಇದೇ ಎರಡು ಹೆಜ್ಜೆಗಳನ್ನು ಅವನು ಬೆಚ್ಚನೆಯ ಮಧ್ಯಾಹ್ನ ಇಟ್ಟರೆ ಅರ್ಧ ಅಲೆಯಷ್ಟು ಮುಂದಾಗಿ ಕಂಬ ಹೋಗುತ್ತದೆ. ಹಗಲಿನ ಅಪರಾಧ ರಾತ್ರಿಯ ಕರ್ತವ್ಯವಾಗಿದೆ, ಮತ್ತು ಹಗಲಿನ ಕರ್ತವ್ಯವನ್ನು ರಾತ್ರಿಯೂ ತಪ್ಪದೆ ಪಾಲಿಸಿದ್ದೇ ಅವನ ಮೇಲಿನ ಆರೋಪವಾಗಿತ್ತು. ಗುರುತಿನ ಕಲ್ಲನ್ನು ನೆಟ್ಟು ಇಲ್ಲಿಯೇ ನಿಲ್ಲು ಎನ್ನುವ ಕಟ್ಟಳೆಯಿಂದ ಇದನ್ನು ನಿಭಾಯಿಸಲು ಬರುವುದಿಲ್ಲ. ಗಾಳಿಯ ಜೊತೆಗೆ ಸರಿಯುತ್ತ ಇರಬೇಕು.

ಯಾವಾಗ ಸರಿಯಬೇಕೆಂದು ತಿಳಿಯಲು ಹಾಸಿನ ಮೇಲೆ ಒಬ್ಬ ಆಲಿಸುವವನು ಬೇಕಾದ. ದೂರದವನು ಉಸಿರಿಗೆ ನಿಂತಾಗ ನಾದ ತಗ್ಗಿದರೆ ಎಲ್ಲವೂ ಸರಿ, ಏರಿದರೆ ಸನ್ನೆ ಮಾಡು ಎಂದು ಸಭೆ ಅವನಿಗೆ ಅಪ್ಪಣೆ ಕೊಟ್ಟಿತು. ಕೇಳಲು ಚೆನ್ನಾಗಿರುವ ಈ ಅಪ್ಪಣೆ ಕೆಲಸಕ್ಕೆ ಬಾರದ್ದು. ಉಸಿರಿಗೆ ನಾದ ಏರತೊಡಗುವುದು ಎರಡು ಉಲಿ ಸೇರಿ ಒಂದು ಉಲಿಗಿಂತ ಕಡಿಮೆಯಾದ ಮೇಲೆ, ಅಂದರೆ ಗಾಳಿ 10 ಡಿಗ್ರಿಗೆ ಇಳಿದ ಮೇಲೆ. ಕಂಬ 12 ಡಿಗ್ರಿಗೇ ಹೋಗಿರುತ್ತದೆ. ಆಲಿಸುವವನು ಗಮನಿಸಬೇಕಾದದ್ದು ಇಳಿತದ ಪ್ರಮಾಣವನ್ನು. ಉಲಿಗಳು ಸರಿಯಾಗಿ ಕೂಡಿದ್ದಾಗ ಉಸಿರಿಗೆ ನಾದದ ಎತ್ತರ ಅರ್ಧಕ್ಕೆ ಬೀಳುತ್ತದೆ. ಕಂಬ ಅಪಾಯದ ಅಂಚಿಗೆ ಬಂದಾಗ 1.4ರಿಂದ 1ಕ್ಕೆ ಮಾತ್ರ. ಈ ಎರಡರ ನಡುವಿನ ಅಂತರವನ್ನು ಹಿಡಿಯಬಲ್ಲ ಕಿವಿ ಇದ್ದವನು ಮಾತ್ರ ಅಲ್ಲಿ ನಿಲ್ಲಲು ಯೋಗ್ಯ.

ಅಂಥ ಕಿವಿ ಇದ್ದವನು ಸಭೆಗೆ ಗೊತ್ತಿದ್ದವನೇ. ಲೆಕ್ಕ ತಿಳಿದ ಮೇಲೆ ತೀರ್ಪನ್ನು ಹಿಂದಕ್ಕೆ ಪಡೆಯಬೇಕೆಂದು ಸಭೆಯಲ್ಲಿ ಕೆಲವರು ವಾದಿಸಿದರು. ಆದರೆ ಹಾಡಿದ ತೀರ್ಪು ಆ ಲೋಕದಲ್ಲಿ ಒಂದು ವಸ್ತು. ಹಾಡಿದ್ದನ್ನು ಇಲ್ಲವಾಗಿಸಬೇಕಾದರೆ ಅದೇ ತೀರ್ಪನ್ನು ಏರಿಗೆ ಇಳಿಯಾಗಿ ಮತ್ತೆ ಹಾಡಬೇಕು. ನಿರಪರಾಧಿಯನ್ನು ಬಿಡಿಸಲು ಸಭೆಗೆ ಇದ್ದ ಒಂದೇ ಸಾಧನ ಇದಿರುಲಿ, ಅದು ತನ್ನ ಕಟ್ಟಳೆಯೇ ತಡೆದಿರುವಂಥದು. ಆದ್ದರಿಂದ ತೀರ್ಪು ಇದ್ದಂತೆಯೇ ಇದೆ: ಅವನು ಯಾವ ಸೇತುವೆಯಲ್ಲೂ ಉಲಿಯುವಂತಿಲ್ಲ. ಕೇಳುವುದಕ್ಕೆ ತೀರ್ಪಿನಲ್ಲಿ ಅಡ್ಡಿಯಿಲ್ಲದ ಕಾರಣ ಅವನನ್ನು ಹಾಸಿನ ಮೇಲೆ ಆಲಿಸುವವನನ್ನಾಗಿ ನೇಮಿಸಿ, ದೊಡ್ಡ ಕಹಳೆಯನ್ನು ಅವನ ಕಿರಿಯ ಸಹಪಾಠಿಯ ಕೈಗೆ ಕೊಟ್ಟರು. ಸಂಜೆಯಾದ ಮೇಲೆ ಆ ಕಿರಿಯವನು ಮುಂದಕ್ಕೂ, ಬಿಸಿಲೇರಿದ ಮೇಲೆ ಹಿಂದಕ್ಕೂ ಸರಿಯುವುದು ಇವನ ಕೈಸನ್ನೆಯ ಮೇಲೆ.